ಮಂದಕೋಣೆ 60:1 – ಬಾಗಿಲು, ಗಾಳಿ, ಬೆಳಕು, ಭಾರ: ಲೆಕ್ಕ ಸರಿಹೋಗುತ್ತದೆಯೇ?

ಮರಳುಗಡಿಯಾರ (ಪ್ರಶ್ನೆ)

ಒಂದು ಕಾಲ್ಪನಿಕ ಲೋಕ ಕಟ್ಟುತ್ತಿದ್ದೇನೆ. ಅಲ್ಲಿ ‘ಮಂದಕೋಣೆ’ ಎಂಬ ಯಂತ್ರವಿದೆ. ಅದನ್ನು ಚಾಲೂ ಮಾಡಿದರೆ ಹೊರಗೆ 60 ನಿಮಿಷ ಕಳೆಯುವಷ್ಟರಲ್ಲಿ ಒಳಗೆ ಕಳೆಯುವುದು 1 ನಿಮಿಷ. ಕೋಣೆಯ ಒಳ ಅಳತೆ 2 ಮೀಟರ್ ಉದ್ದ, 2 ಮೀಟರ್ ಅಗಲ, 2.5 ಮೀಟರ್ ಎತ್ತರ. ಒಟ್ಟು 10 ಘನ ಮೀಟರ್. ಬಳಕೆ ಎರಡು: ತೀವ್ರ ಗಾಯವಾದವರನ್ನು ಶಸ್ತ್ರವೈದ್ಯರು ಬಂದು ಮುಟ್ಟುವವರೆಗೆ ಇರಿಸುವುದು, ಬಿತ್ತನೆ ಬೀಜವನ್ನು ದಶಕಗಟ್ಟಲೆ ಕಾಪಿಡುವುದು. ಇದೇ ಯಂತ್ರವನ್ನು ತಿರುಗುಮುರುಗು ಓಡಿಸಿದರೆ ‘ತ್ವರಿತ ಕೋಣೆ’ ಆಗುತ್ತದೆ: ಹೊರಗೆ 1 ದಿನ, ಒಳಗೆ 60 ದಿನ.

ಇಟ್ಟುಕೊಂಡ ನಿಯಮ ಇಷ್ಟೇ. ಗಡಿಯ ಒಳಗೆ ಉದ್ದ ಬದಲಾಗುವುದಿಲ್ಲ, ದ್ರವ್ಯರಾಶಿ ಬದಲಾಗುವುದಿಲ್ಲ, ಕಣಗಳ ಎಣಿಕೆ ಬದಲಾಗುವುದಿಲ್ಲ. ನಡೆಯುವ ಎಲ್ಲ ಕ್ರಿಯೆಗಳ ವೇಗ ಮಾತ್ರ ಒಂದೇ ಪ್ರಮಾಣದಲ್ಲಿ ಇಳಿಯುತ್ತದೆ. ಒಳಗಿರುವವರಿಗೆ ಏನೂ ಬದಲಾದಂತೆ ಅನಿಸುವುದಿಲ್ಲ.

ಕೇಳಬೇಕಾದ್ದು: ಗಾಜಿನ ಕಿಟಕಿ ಇಡಬಹುದೇ? ಕೋಣೆ ಚಾಲೂ ಇರುವಾಗ ಬಾಗಿಲು ತೆರೆದು ಒಳಗೆ ಕೈ ಚಾಚಿದರೆ ಏನಾಗುತ್ತದೆ? ಹೊರಗಿನಿಂದ ವಿದ್ಯುತ್ ತಂತಿ ಎಳೆಯಬಹುದೇ? ಮುಚ್ಚಿದ ಕೋಣೆಯಲ್ಲಿ ಒಬ್ಬರು ಎಷ್ಟು ಹೊತ್ತು ಉಸಿರಾಡಬಹುದು? ಮಂತ್ರದಂತೆ ಎಲ್ಲವೂ ಆಗಿಬಿಡುವುದು ಬೇಡ. ನಿಯಮ ಒಂದು ಸಲ ಹಾಕಿದ ಮೇಲೆ ಅದರ ಫಲಗಳನ್ನೆಲ್ಲ ಒಪ್ಪಿಕೊಂಡೇ ಕಥೆ ನಡೆಯಬೇಕು.

—

ಒತ್ತಡಮಾಪಕ

ನಿಯಮವನ್ನು ಇಷ್ಟು ಸ್ಪಷ್ಟವಾಗಿ ಹಾಕಿಕೊಂಡಿದ್ದೀರಿ, ಅರ್ಧ ಕೆಲಸ ಮುಗಿದಂತೆಯೇ. ಇನ್ನು ಯಾವ ಅಳತೆಯಲ್ಲಿ ‘ಸೆಕೆಂಡ್’ ಎಷ್ಟು ಸಲ ಬರುತ್ತದೆ ಅನ್ನೋದನ್ನು ನೋಡಿದರೆ ಉಳಿದದ್ದೆಲ್ಲ ತಾನಾಗಿ ಬರುತ್ತದೆ.

ವೇಗದಲ್ಲಿ ಸೆಕೆಂಡ್ ಒಂದು ಸಲ ಬರುತ್ತದೆ. ಹಾಗಾಗಿ ಹೊರಗಿನವರ ಲೆಕ್ಕದಲ್ಲಿ ಒಳಗಿನ ವೇಗ 1/60. ಬಲ, ಒತ್ತಡ, ಲೋಹದ ಗಟ್ಟಿತನ, ಶಕ್ತಿ ಇವುಗಳಲ್ಲಿ ಎರಡು ಸಲ ಬರುತ್ತದೆ, ಅವೆಲ್ಲ 1/3600. ವ್ಯಾಟ್‌ನಲ್ಲಿ ಅಳೆಯುವ ಸಾಮರ್ಥ್ಯದಲ್ಲಿ ಮೂರು ಸಲ, ಅದು 1/2,16,000. ಈ ಮೂರು ಸಂಖ್ಯೆಗಳನ್ನು ಒಂದು ಚೀಟಿಯಲ್ಲಿ ಬರೆದು ಎದುರಿಗೆ ಅಂಟಿಸಿಕೊಳ್ಳಿ. ಕಾದಂಬರಿಯಲ್ಲಿ ಆಗುವ ತಪ್ಪುಗಳಲ್ಲಿ ಹೆಚ್ಚಿನವು ಎಲ್ಲವನ್ನೂ 60ರಿಂದಲೇ ಭಾಗಿಸುವುದರಿಂದ ಆಗುತ್ತವೆ.

ಮೊದಲು ಗಾಳಿ. ಒಳಗೆ 1 ವಾತಾವರಣದಷ್ಟು (ನೆಲಮಟ್ಟದ ಮಾಮೂಲಿ ಗಾಳಿಯಷ್ಟು) ಒತ್ತಡವಿದೆ ಅನ್ನೋದು ಒಳಗಿನವರ ಅಳತೆ. ಹೊರಗಿನಿಂದ ನೋಡಿದರೆ ಅದು 1/3600 ವಾತಾವರಣ, ಹೆಚ್ಚುಕಡಿಮೆ ನಿರ್ವಾತ. ಚಾಲೂ ಇರುವಾಗ 1 ಚದರ ಮೀಟರ್‌ನ ಬಾಗಿಲನ್ನು ಹೊರಗಿನ ಗಾಳಿ ಸುಮಾರು 10 ಟನ್ ಭಾರದಷ್ಟು ಬಲದಿಂದ ಒಳಕ್ಕೆ ಒತ್ತುತ್ತಿರುತ್ತದೆ. ಬಾಗಿಲು ಹೊರಕ್ಕೆ ತೆರೆಯುವಂತಿದ್ದರೆ ಎಷ್ಟು ಜನ ಎಳೆದರೂ ಬರುವುದಿಲ್ಲ. ಒಳಕ್ಕೆ ತೆರೆಯುವಂತಿದ್ದರೆ ಅಗುಳಿ ಮುರಿದು ಒಳಕ್ಕೆ ನುಗ್ಗುತ್ತದೆ. ಒಳಗಿನವರ ಮೇಲೆ ಬೀಳುವುದು ಅವರ ಅಳತೆಯ 3600 ವಾತಾವರಣ ಒತ್ತಡದ ಗಾಳಿ.

ಆದ್ದರಿಂದ ಗೋಡೆ ಒಂದಲ್ಲ, ಎರಡು ಬೇಕು. ಒಳತೊಟ್ಟಿ ಪೂರ್ತಿಯಾಗಿ ಗಡಿಯ ಒಳಗಿರಲಿ, ಹೊರಕವಚ ಪೂರ್ತಿಯಾಗಿ ಗಡಿಯ ಹೊರಗಿರಲಿ. ನಡುವಿನ ಸಂದಿನಲ್ಲಿ ನಿರ್ವಾತ, ಕಾಲದ ಗಡಿ ಹಾದುಹೋಗುವುದು ಆ ನಿರ್ವಾತದ ನಡುವೆ. ಆಗ ಒಳತೊಟ್ಟಿ ಹೊರುವುದು ಒಳಗಿನ ಅಳತೆಯ 1 ವಾತಾವರಣ, ಹೊರಕವಚ ಹೊರುವುದು ಹೊರಗಿನ ಅಳತೆಯ 1 ವಾತಾವರಣ. ಎರಡೂ ಮಾಮೂಲಿ ಉಕ್ಕಿನಲ್ಲೇ ಆಗುತ್ತದೆ.

ಒಂದೇ ಗೋಡೆ ಮಾಡಿ ಗಡಿಯನ್ನು ಅದರ ದಪ್ಪದ ನಡುವೆ ಹಾಯಿಸಿದರೆ ಏನಾಗುತ್ತದೆ? 250 ಮೆಗಾಪ್ಯಾಸ್ಕಲ್ ತಡೆಯುವ ಉಕ್ಕು, ಗಡಿಯ ಒಳಬದಿಯಲ್ಲಿ, ಹೊರಗಿನ ಲೆಕ್ಕಕ್ಕೆ 70 ಕಿಲೋಪ್ಯಾಸ್ಕಲ್ ಅಷ್ಟೇ ತಡೆಯುತ್ತದೆ. ಅಂದರೆ ಜೇಡಿಮಣ್ಣು. ಹೊರಬದಿಯ ಉಕ್ಕು ತನ್ನ ಅರ್ಧಕ್ಕೆ ಅಂಟಿದ ಆ ಜೇಡಿಮಣ್ಣನ್ನು ಒಂದು ಚೂರು ಬಾಗಿದರೂ ಹರಿದುಹಾಕುತ್ತದೆ.

ಸಂದಿನ ನಿರ್ವಾತವೂ ಸಾಮಾನ್ಯದ್ದಾದರೆ ಸಾಲದು. ಅಲ್ಲಿ 28 ಪ್ಯಾಸ್ಕಲ್ ಗಾಳಿ ಉಳಿದಿದ್ದರೆ ಒಳತೊಟ್ಟಿಗೆ ಅದು 1 ವಾತಾವರಣವಾಗಿ ತಟ್ಟುತ್ತದೆ. 280 ಪ್ಯಾಸ್ಕಲ್ ಆದರೆ 10 ವಾತಾವರಣ, ತೊಟ್ಟಿ ಒಳಕ್ಕೆ ಕುಸಿಯುತ್ತದೆ. ಗಮನಿಸಿ, 280 ಪ್ಯಾಸ್ಕಲ್ ಅಂದರೆ ಹೊರಗಿನ ಗಾಳಿಯ ಶೇಕಡಾ 0.3 ಕೂಡ ಅಲ್ಲ. ಅದಕ್ಕಿಂತ ಮೊದಲೇ ಇನ್ನೊಂದು ಹಾನಿ ಶುರುವಾಗಿರುತ್ತದೆ. ಮಾಮೂಲಿ ಉಷ್ಣತೆಯ ಸಾರಜನಕದ ಅಣು ಸೆಕೆಂಡಿಗೆ ಸುಮಾರು 510 ಮೀಟರ್ ಓಡುತ್ತದೆ. ಒಳಗಿನ ಗಡಿಯಾರದಲ್ಲಿ ಅದು ಸೆಕೆಂಡಿಗೆ 31 ಕಿಲೋಮೀಟರ್. ಆ ವೇಗದಲ್ಲಿ ಬಡಿದರೆ ಲೋಹದ ಮೇಲ್ಮೈಯಿಂದ ಪರಮಾಣುಗಳು ಕಿತ್ತುಬರುತ್ತವೆ. ಹಾಗಾಗಿ ಸಂದಿನ ಗುರಿ 0.01 ಪ್ಯಾಸ್ಕಲ್, ಎಚ್ಚರಿಕೆ ಗಂಟೆ 1 ಪ್ಯಾಸ್ಕಲ್‌ಗೆ, 5ಕ್ಕೆ ಯಂತ್ರ ತಾನೇ ಅನುಪಾತ ಇಳಿಸಬೇಕು.

ಕೈ ಚಾಚುವ ಮಾತು. ಹೃದಯ ಹೊರಗಿದೆ, ಬೆರಳು ಒಳಗಿದೆ ಅಂತಿಟ್ಟುಕೊಳ್ಳಿ. 120 ಮಿಲಿಮೀಟರ್ ಪಾದರಸದ ರಕ್ತದೊತ್ತಡ ಬೆರಳಿನ ನಾಳಗಳಿಗೆ 4,32,000 ಮಿಲಿಮೀಟರ್ ಆಗಿ ತಟ್ಟುತ್ತದೆ, ಅಂದರೆ 568 ವಾತಾವರಣ. ಮೊದಲ ಬಡಿತಕ್ಕೇ ನಾಳಗಳು ಒಡೆಯುತ್ತವೆ. ಗಡಿಯನ್ನು ತೆಳ್ಳಗೆ ಮಾಡಿದರೂ ಅಷ್ಟೇ, ಅರ್ಧ ಮೀಟರ್ ದಪ್ಪಕ್ಕೆ ಹರಡಿದರೂ ಅಷ್ಟೇ. ಚಾಲೂ ಇರುವ ಗಡಿಯನ್ನು ಜೀವಿ ದಾಟುವುದಿಲ್ಲ ಅನ್ನೋದನ್ನು ಆ ಲೋಕದ ಮೊದಲ ಸುರಕ್ಷಾ ನಿಯಮ ಮಾಡಿ.

ತಂತಿಯೂ ಬೇಡ. ಎಲೆಕ್ಟ್ರಾನುಗಳ ಎಣಿಕೆ ಬದಲಾಗದು, ಆದರೆ ಶಕ್ತಿಯ ಅಳತೆ 3600 ಪಟ್ಟು ಬದಲಾಗುತ್ತದೆ. ಹೊರಗಿನ 12 ವೋಲ್ಟ್ ಒಳಗೆ 43,200 ವೋಲ್ಟ್. ದೀಪ, ಪಂಖ, ಅಳತೆಯ ಉಪಕರಣ ಎಲ್ಲಕ್ಕೂ ಒಳಗೇ ಬ್ಯಾಟರಿ ಇಡಿ. ಹೊರಗಿನ 10 ದಿನಕ್ಕೆ ಒಳಗೆ ಬೇಕಾಗುವುದು 4 ಗಂಟೆಯ ಚಾರ್ಜ್ ಮಾತ್ರ.

ಉಸಿರಾಟದ ಲೆಕ್ಕ ಸುಲಭ. ಮಲಗಿರುವ ಒಬ್ಬರು ಗಂಟೆಗೆ ಸುಮಾರು 20 ಲೀಟರ್ ಇಂಗಾಲದ ಡೈಆಕ್ಸೈಡ್ ಬಿಡುತ್ತಾರೆ. 10 ಘನ ಮೀಟರ್‌ನಲ್ಲಿ ಅದು ಶೇಕಡಾ 1 ಮುಟ್ಟಲು ಒಳಗಿನ 5 ಗಂಟೆ ಬೇಕು, ಅಂದರೆ ಹೊರಗಿನ ಹನ್ನೆರಡೂವರೆ ದಿನ. ಆ ಅನಿಲವನ್ನು ಹೀರುವ ಸೋಡಾ ಸುಣ್ಣದ ಡಬ್ಬ ಇಟ್ಟು ಗಾಳಿಯನ್ನು ಅದರ ಮೂಲಕ ಓಡಿಸಿದರೆ ಇನ್ನೂ ಎಷ್ಟೋ ದಿನ ನೂಕಬಹುದು.

—

ಏಳುಬಣ್ಣ

ಒತ್ತಡಮಾಪಕ ಅವರು ಕಿಟಕಿಯನ್ನು ಬಿಟ್ಟಿದ್ದಾರೆ. ಈ ಯಂತ್ರದಲ್ಲಿ ಅತಿ ಅಪಾಯದ ಭಾಗ ಅದೇ ಅಂತ ನನ್ನ ಅಭಿಪ್ರಾಯ.

ಹೊರಗಿನ ಬೆಳಕಿನ ಅಲೆಗಳು ಒಳಗಿನ ಒಂದು ಸೆಕೆಂಡಿಗೆ 60 ಪಟ್ಟು ಹೆಚ್ಚು ಬಂದು ತಟ್ಟುತ್ತವೆ. ಕಣ್ಣಿಗೆ ಕಾಣುವ 400ರಿಂದ 700 ನ್ಯಾನೋಮೀಟರ್ ತರಂಗಾಂತರ ಒಳಗೆ 6.7ರಿಂದ 11.7 ನ್ಯಾನೋಮೀಟರ್ ಆಗುತ್ತದೆ. ಅದು ಬೆಳಕಲ್ಲ, ಎಕ್ಸ್-ಕಿರಣದ ಅಂಚಿನ ಅತಿನೇರಳೆ. ಒಳಗಿನ ಬೆಳಕು ಹೊರಬಂದರೆ 24ರಿಂದ 42 ಮೈಕ್ರೋಮೀಟರ್, ದೂರದ ಅವಕೆಂಪು. ಮಾಮೂಲಿ ಗಾಜು ಅದನ್ನು ಬಿಡುವುದೇ ಇಲ್ಲ. ಅಂದರೆ ಕಿಟಕಿ ಇಟ್ಟರೆ ಹೊರಗಿನವರಿಗೆ ಕಪ್ಪು, ಒಳಗಿನವರಿಗೆ ಸಾವು.

ದೀಪಗಳನ್ನೆಲ್ಲ ಆರಿಸಿದರೂ ತಪ್ಪಿಸಿಕೊಳ್ಳಲಾಗದ ವಿಷಯ ಗೋಡೆಯದ್ದು. 300 ಕೆಲ್ವಿನ್, ಅಂದರೆ 27 ಡಿಗ್ರಿಯ ಮಾಮೂಲಿ ಗೋಡೆ ಕೂಡ ಪ್ರತಿ ಚದರ ಮೀಟರಿಗೆ ಸುಮಾರು 460 ವ್ಯಾಟ್ ಅವಕೆಂಪು ಕಿರಣ ಸೂಸುತ್ತದೆ. ಗಡಿ ದಾಟಿದಾಗ ಪ್ರತಿ ಫೋಟಾನ್‌ನ (ಬೆಳಕಿನ ಕಣದ) ಶಕ್ತಿ 60 ಪಟ್ಟಾಗುತ್ತದೆ, ಸೆಕೆಂಡಿಗೆ ಬರುವ ಫೋಟಾನ್‌ಗಳೂ 60 ಪಟ್ಟು. ಒಟ್ಟು 3600 ಪಟ್ಟು: ಚದರ ಮೀಟರಿಗೆ 16.5 ಲಕ್ಷ ವ್ಯಾಟ್. ಆ ಬೆಳಕಿನ ಬಣ್ಣ 18,000 ಕೆಲ್ವಿನ್ ವಸ್ತುವಿನದ್ದು. ಸೂರ್ಯನ ಮೇಲ್ಮೈ ಸುಮಾರು 5,770 ಕೆಲ್ವಿನ್ ಅಷ್ಟೇ.

ಇಲ್ಲೊಂದು ಲೆಕ್ಕದ ಎಳೆ ಉಳಿಯುತ್ತದೆ. ಮೇಲಿನ ಚೀಟಿಯ ಪ್ರಕಾರ ಹೊರಗಿನ 1 ಜೂಲ್ ಒಳಗೆ 3600 ಜೂಲ್ ಆಗಬೇಕು. ಆದರೆ ಫೋಟಾನ್‌ಗಳ ಎಣಿಕೆ ಉಳಿಸಿಕೊಂಡರೆ ಆಗುವುದು 60 ಮಾತ್ರ. ಅಂದರೆ ಬರುವ ಬೆಳಕಿನ ಶಕ್ತಿಯಲ್ಲಿ 60ರಲ್ಲಿ 59 ಪಾಲು ಗಡಿಯಲ್ಲೇ ಉಳಿಯುತ್ತದೆ. ಆ ಶಾಖವನ್ನು ಗಡಿ ಹಿಡಿದಿಡುವ ಸುರುಳಿಗಳೇ ಹೊರಬೇಕು. ಹೊರಗಿನಿಂದ ಬಿಸಿಲು ಬಿದ್ದರೆ ಮೊದಲು ಕೆಡುವುದು ಸುರುಳಿ. ಕಥೆಗೆ ಇದು ಒಳ್ಳೆಯ ದೋಷ, ಬಳಸಿಕೊಳ್ಳಿ.

ಪರಿಹಾರ: ಕಿಟಕಿ ಇಲ್ಲ, ಹೊರಕವಚದ ಒಳಮೈಗೆ ತಂಪು. 300 ಕೆಲ್ವಿನ್‌ನ ಒಳತೊಟ್ಟಿ ಕಳೆದುಕೊಳ್ಳುವಷ್ಟೇ ಪಡೆಯಬೇಕಾದರೆ ಕವಚ 39 ಕೆಲ್ವಿನ್‌ಗೆ ಇಳಿಯಬೇಕು. ದ್ರವ ಸಾರಜನಕದ 77 ಕೆಲ್ವಿನ್ ಸಾಲದು, ಆಗಲೂ ಚದರ ಮೀಟರಿಗೆ 7,000 ವ್ಯಾಟ್ ಒಳಬರುತ್ತದೆ. ದ್ರವ ಸಾರಜನಕವಷ್ಟೇ ಇರುವ ಲೋಕವಾದರೆ ಅನುಪಾತ 15:1ಕ್ಕೆ ನಿಲ್ಲಿಸಿ.

ಅನುಪಾತ ಏರುವಾಗ ಒಳಗಿನವರು ಒಂದು ಇಣುಕು ರಂಧ್ರದಿಂದ ಬೆಚ್ಚಗಿನ ಕವಚವನ್ನು ನೋಡುತ್ತಿದ್ದಾರೆ ಅಂದುಕೊಳ್ಳಿ. 2ರವರೆಗೆ ಕತ್ತಲೆ. ಸುಮಾರು 2.7 ದಾಟಿದ ಕೂಡಲೇ ತಣ್ಣಗಿರುವ ಉಕ್ಕಿನ ಗೋಡೆ ಮಂಕು ಕೆಂಪಾಗಿ ಹೊಳೆಯತೊಡಗುತ್ತದೆ. 10ಕ್ಕೆ ಬಲ್ಬಿನ ತಂತಿಯ ಹಳದಿ. 19ಕ್ಕೆ ಬಿಸಿಲಿನ ಬಿಳಿ. ಆಮೇಲೆ ನೀಲಿಯತ್ತ ವಾಲುತ್ತದೆ, ಆದರೆ ಅಷ್ಟು ಹೊತ್ತಿಗೆ ನೋಡಲು ಕಣ್ಣು ಉಳಿದಿರುವುದಿಲ್ಲ. ಹೊರಗೆ ನಿಂತವರಿಗೆ ಕಾಣುವುದು ಇದರ ತದ್ವಿರುದ್ಧ: ಒಳಗಿನ ಬಿಳಿ ಎಲ್‌ಇಡಿ ದೀಪ 1.5ಕ್ಕೆ ಕಡುಗೆಂಪಾಗಿ, 1.8ಕ್ಕೆ ಕಾಣದಾಗುತ್ತದೆ.

—

ಲೋಲಕ

ಇಬ್ಬರ ಲೆಕ್ಕವೂ ಸರಿ ಇದೆ. ಏಳುಬಣ್ಣ ಅವರದಕ್ಕೆ ಒಂದು ತಿದ್ದುಪಡಿ, ಆಮೇಲೆ ಯಾರೂ ಮುಟ್ಟದ ಒಂದು ದೊಡ್ಡ ವಿಷಯ.

ತಿದ್ದುಪಡಿ. ಹೊರಗಿನ ಗಡಿಯಾರಕ್ಕೆ ಒಳಗಿನ ಬೆಳಕು 60 ಪಟ್ಟು ನಿಧಾನ. ನಿಧಾನ ಬೆಳಕು ಅಂದರೆ ವಕ್ರೀಭವನ, ಗಡಿಯಲ್ಲಿ ಕಿರಣ ಬಾಗುತ್ತದೆ. ಗಾಜಿನ ಸೂಚ್ಯಂಕ ಸುಮಾರು 1.5, ವಜ್ರದ್ದು 2.42, ನಿಮ್ಮ ಗಡಿಯದ್ದು 60. ಒಳಗಿನಿಂದ ಹೊರಟ ಕಿರಣ ಗಡಿಗೆ ಲಂಬದಿಂದ 1 ಡಿಗ್ರಿಗಿಂತ ಹೆಚ್ಚು ಓರೆಯಾಗಿದ್ದರೆ ಪೂರ್ತಿ ಪ್ರತಿಫಲಿಸಿ ವಾಪಸ್ ಬರುತ್ತದೆ. ಒಳಗಿನವರಿಗೆ ಗಡಿ ಒಂದು ಕನ್ನಡಿ. ನೇರ ಎದುರಿಗೆ ಮಾತ್ರ ಸುಮಾರು 2 ಡಿಗ್ರಿ ಅಗಲದ, ನಾಲ್ಕು ಚಂದ್ರರನ್ನು ಸಾಲಾಗಿ ಇಟ್ಟಷ್ಟು ಅಗಲದ ಬಿಲ್ಲೆಯಲ್ಲಿ ಹೊರಜಗತ್ತೆಲ್ಲ ಮುದುಡಿಕೊಂಡಿರುತ್ತದೆ. ಒಳತೊಟ್ಟಿ ಸೂಸುವ ಶಾಖದಲ್ಲಿ 3600ರಲ್ಲಿ 1 ಪಾಲು ಮಾತ್ರ ಪಾರಾಗುತ್ತದೆ. ಆದ್ದರಿಂದ ಸಮತೋಲ 39 ಕೆಲ್ವಿನ್‌ನಲ್ಲಿ ಅಲ್ಲ, 5 ಕೆಲ್ವಿನ್‌ನಲ್ಲಿ. ದ್ರವ ಹೀಲಿಯಂ (4.2 ಕೆಲ್ವಿನ್) ಬೇಕು. ಇದರ ಒಂದು ಲಾಭ: ಅಷ್ಟು ತಣ್ಣಗಿನ ಕವಚದ ಮೇಲೆ ಸಂದಿನಲ್ಲಿ ಉಳಿದ ಗಾಳಿಯೆಲ್ಲ ಹೆಪ್ಪುಗಟ್ಟಿ ಕೂರುತ್ತದೆ, ನಿರ್ವಾತ ತಾನಾಗಿ ಚೊಕ್ಕವಾಗುತ್ತದೆ. ನಷ್ಟ: ಒಳಗಿನವರ ಮೈಶಾಖ ಹೊರಗೆ ಹೋಗದು. ಒಬ್ಬರಿಗೆ ಸುಮಾರು 100 ವ್ಯಾಟ್. 5 ಗಂಟೆಗೆ 18 ಲಕ್ಷ ಜೂಲ್. 5 ಕಿಲೋಗಿಂತ ತುಸು ಹೆಚ್ಚು ಮಂಜುಗಡ್ಡೆ ಕರಗಿದರೆ ಅಷ್ಟನ್ನು ಹೀರುತ್ತದೆ. ಹಾಸಿಗೆಯ ಕೆಳಗೆ 10 ಕಿಲೋ ಮಂಜುಗಡ್ಡೆಯ ಪೆಟ್ಟಿಗೆ ಇಡಿ.

ಈಗ ಭಾರ. ಗುರುತ್ವ ಹೊರಗಿನದು. ಬೀಳುವ ವಸ್ತುವಿನ ವೇಗೋತ್ಕರ್ಷದಲ್ಲಿ ಸೆಕೆಂಡ್ ಎರಡು ಸಲ ಬರುತ್ತದೆ. ಹಾಗಾಗಿ 9.8 ಅನ್ನೋದು ಒಳಗೆ 35,280 ಆಗುತ್ತದೆ. ಗಾಯಾಳು ತನ್ನ ಭಾರದ 3600 ಪಟ್ಟು ಭಾರಕ್ಕೆ ಸಿಕ್ಕಿಕೊಳ್ಳುತ್ತಾನೆ. ನಿಮ್ಮ ನಿಯಮವನ್ನು ಹಾಗೇ ಬಿಟ್ಟರೆ ಮನುಷ್ಯರಿಗೆ 1.4:1 ಕೂಡ ಹೆಚ್ಚು, ಅಲ್ಲಿಗೇ ಭಾರ ಎರಡು ಪಟ್ಟು. 3:1 ಅಂದರೆ 9 ಪಟ್ಟು. ಯುದ್ಧವಿಮಾನದ ಚಾಲಕರು ವಿಶೇಷ ಉಡುಪು ತೊಟ್ಟು ಕೆಲವೇ ಕ್ಷಣ ತಡೆಯುವ ಮಟ್ಟ ಅದು. ಬೀಜಕ್ಕೂ ತೊಂದರೆ: ಘನ ಮೀಟರಿಗೆ 750 ಕಿಲೋ ತೂಗುವ ಕಾಳನ್ನು 1 ಮೀಟರ್ ಎತ್ತರಕ್ಕೆ ಸುರಿದರೆ ತಳದಲ್ಲಿ 260 ವಾತಾವರಣ ಒತ್ತಡ, ಹಿಟ್ಟಾಗುತ್ತದೆ. 1 ಸೆಂಟಿಮೀಟರ್ ದಪ್ಪಕ್ಕೆ ಹರಡಿದರೆ 2.6 ವಾತಾವರಣ. ತಟ್ಟೆಗಳನ್ನೇ ಸಾಲಾಗಿ ಪೇರಿಸಿದರೆ ತಟ್ಟೆಯ ಕಾಲು ಬಾಗುತ್ತದೆ, ಆದ್ದರಿಂದ ಒಂದೇ ಪದರ.

ಬಿಡುಗಡೆ ಬೇಕಾದರೆ ಎರಡು ದಾರಿ. ಒಂದು, ನಿಜವಾದ ಗುರುತ್ವದ ದಾರಿ. ಕಾಲ ನಿಧಾನವಾಗುವುದು, ವಸ್ತು ಬೀಳುವುದು ಎರಡೂ ನಿಜಲೋಕದಲ್ಲಿ ಒಂದೇ ಸಂಗತಿಯ ಎರಡು ಮುಖ. ವಸ್ತುಗಳು ಬೀಳುವುದು ಕಾಲ ನಿಧಾನವಿರುವ ಕಡೆಗೇ. ಭೂಮಿಯ ಮೇಲೆ 1 ಮೀಟರ್ ಎತ್ತರಕ್ಕೆ ಗಡಿಯಾರದ ವ್ಯತ್ಯಾಸ 10¹⁶ರಲ್ಲಿ ಸುಮಾರು 1 ಪಾಲು. ಇಷ್ಟು ಸಣ್ಣ ವ್ಯತ್ಯಾಸದಿಂದಲೇ ನಮ್ಮ ಇಡೀ ತೂಕ. 2010ರಲ್ಲಿ 33 ಸೆಂಟಿಮೀಟರ್ ಎತ್ತರದ ವ್ಯತ್ಯಾಸವನ್ನು, 2022ರ ಹೊತ್ತಿಗೆ 1 ಮಿಲಿಮೀಟರ್ ವ್ಯತ್ಯಾಸವನ್ನೂ ಪರಮಾಣು ಗಡಿಯಾರಗಳಲ್ಲಿ ಅಳೆದು ತೋರಿಸಿದ್ದಾರೆ. ಜಿಪಿಎಸ್ ಉಪಗ್ರಹದ ಗಡಿಯಾರ ಎತ್ತರದಿಂದಾಗಿ ದಿನಕ್ಕೆ 45 ಮೈಕ್ರೋಸೆಕೆಂಡ್ ಮುಂದೆ, ತನ್ನ ವೇಗದಿಂದಾಗಿ 7 ಹಿಂದೆ, ಒಟ್ಟು 38 ಮುಂದೆ ಓಡುತ್ತದೆ. ಅದನ್ನು ತಿದ್ದದಿದ್ದರೆ ದಿನಕ್ಕೆ 10 ಕಿಲೋಮೀಟರ್ ಲೆಕ್ಕದಲ್ಲಿ ಸ್ಥಾನ ತಪ್ಪುತ್ತದೆ.

ಈ ದಾರಿಯಲ್ಲಿ 60:1 ಕೋಣೆ ಅಂದರೆ 60:1 ಆಳದ ಬಾವಿ. ಅದರಿಂದ 1 ಕಿಲೋ ವಸ್ತುವನ್ನು ಮೇಲಕ್ಕೆತ್ತಲು 8.8×10¹⁶ ಜೂಲ್ ಬೇಕು, ಅಂದರೆ 21 ಮೆಗಾಟನ್ ಟಿಎನ್‌ಟಿ. ಬರೀ 2:1 ಸಾಕು, 5 ಮೀಟರ್ ತ್ರಿಜ್ಯದ ಟೊಳ್ಳು ಗೋಳ ಮಾಡೋಣ ಅಂದರೂ ಆ ಗೋಳದ ದ್ರವ್ಯರಾಶಿ ಗುರುಗ್ರಹದ 1.33 ಪಟ್ಟು ಇರಬೇಕು. ಟೊಳ್ಳಿನ ಒಳಗೆ ಸೆಳೆತ ಇಲ್ಲ, ಕಾಲ ಎಲ್ಲೆಡೆ ಒಂದೇ ಸಮ, ಅದು ನಿಜಕ್ಕೂ ಸುಂದರ. ಆದರೆ ಆ ಗೋಳವನ್ನು ಹೊತ್ತು ನಿಲ್ಲುವ ನೆಲ ಯಾವ ಲೋಕದಲ್ಲೂ ಇಲ್ಲ.

ಇನ್ನೊಂದು ದಾರಿ, ನಿಮ್ಮ ನಿಯಮಕ್ಕೆ ಒಂದೇ ಒಂದು ಸಾಲು ಸೇರಿಸುವುದು: ‘ಗಡಿಯೊಳಗಿನ ತೂಕವನ್ನೂ ಯಂತ್ರ ಉಳಿದ ಬಲಗಳ ಪ್ರಮಾಣದಲ್ಲೇ ಇಳಿಸುತ್ತದೆ, ಉಳಿದ ಭಾರವನ್ನು ತನ್ನ ಪಾಯಕ್ಕೆ ವರ್ಗಾಯಿಸುತ್ತದೆ.’ ನನ್ನ ಸಲಹೆ ಇದೇ. ಒಳಗಿನವರಿಗೆ 9.8 ಉಳಿಯುತ್ತದೆ. ಒಳತೊಟ್ಟಿಯನ್ನು ಹೊರುವ ಕಂಬ ಗಡಿ ದಾಟುವಲ್ಲಿ ಜೇಡಿಮಣ್ಣಾಗುವ ತೊಂದರೆಯೂ ತೀರುತ್ತದೆ, ಏಕೆಂದರೆ ಅದರ ಮೇಲೆ ಬೀಳುವ ತೂಕವೂ 1/3600 ಆಗಿರುತ್ತದೆ. ವಿನಾಯಿತಿ ಗುರುತ್ವಕ್ಕೆ ಮಾತ್ರ ಇರಲಿ. ಒತ್ತಡಕ್ಕೂ ಬೆಳಕಿಗೂ ಕೊಟ್ಟರೆ ಕೋಣೆ ಬರೀ ಬೀಗ ಹಾಕಿದ ಪೆಟ್ಟಿಗೆಯಾಗಿಬಿಡುತ್ತದೆ.

—

ಮರಳುಗಡಿಯಾರ

ಮೂವರಿಗೂ ತುಂಬ ಧನ್ಯವಾದ. ಲೋಲಕ ಅವರ ಸಾಲನ್ನು ಹಾಗೇ ಸೇರಿಸಿಕೊಳ್ಳುತ್ತೇನೆ. ಕಿಟಕಿ ತೆಗೆದೆ, ಎರಡು ಗೋಡೆ ಹಾಕಿದೆ. ಉಳಿದವು ಎರಡು. ಚಾಲೂ ಮಾಡಲು ಎಷ್ಟು ಶಕ್ತಿ ಬೇಕು ಅಂತ ತೋರಿಸಲಿ? ತ್ವರಿತ ಕೋಣೆ 60:1 ಉಳಿಯುತ್ತದೆಯೇ?

—

ಒತ್ತಡಮಾಪಕ

ಶಕ್ತಿಯ ಉತ್ತರ ನೀವು ನಿರೀಕ್ಷಿಸಿದ್ದಕ್ಕೆ ಉಲ್ಟಾ ಇದೆ. ವಸ್ತುವಿನ ದ್ರವ್ಯರಾಶಿಯಲ್ಲೇ ಅಡಗಿರುವ ಶಕ್ತಿಯನ್ನು ಲೆಕ್ಕದಿಂದ ಹೊರಗಿಡಿ, ಇಲ್ಲದಿದ್ದರೆ ಮತ್ತೆ ಮೆಗಾಟನ್‌ಗೆ ಹೋಗುತ್ತೇವೆ. ಉಳಿದದ್ದು ಶಾಖ ಮತ್ತು ರಾಸಾಯನಿಕ ಶಕ್ತಿ. 70 ಕಿಲೋ ತೂಕದ ಒಬ್ಬರ ಮೈಯಲ್ಲಿ ಶಾಖ ಸ್ಥೂಲವಾಗಿ 45 ಮೆಗಾಜೂಲ್. 10 ಕಿಲೋ ಕೊಬ್ಬು ಇದ್ದರೆ ಅದರದ್ದು 370. ಒಟ್ಟು 415. ಅನುಪಾತ 60ಕ್ಕೆ ಏರಿದಾಗ ಇದು ಹೊರಗಿನ ಲೆಕ್ಕಕ್ಕೆ 3600ರಲ್ಲಿ 1 ಪಾಲಾಗುತ್ತದೆ. ಉಳಿದದ್ದು ಎಲ್ಲಿ ಹೋಯಿತು? ಯಂತ್ರದ ಕೈಗೆ ಬಂತು. ಒಬ್ಬರಿಗೆ 115 ಕಿಲೋವ್ಯಾಟ್‌ಗಂಟೆ.

ಅಂದರೆ ಮಂದಕೋಣೆ ಚಾಲೂ ಆಗುವಾಗ ಶಕ್ತಿ ಹೊರಬರುತ್ತದೆ, ಆರಿಸುವಾಗ ಅಷ್ಟನ್ನೂ ವಾಪಸ್ ಕೊಡಬೇಕು. ಬರುವ ಶಕ್ತಿಯನ್ನು ಭಾರಿ ಗತಿಚಕ್ರದಲ್ಲೋ (ತಿರುಗುತ್ತಲೇ ಶಕ್ತಿ ಹಿಡಿದಿಡುವ ಚಕ್ರ, ಫ್ಲೈವೀಲ್) ಬ್ಯಾಟರಿಯಲ್ಲೋ ಹಿಡಿದಿಡಬೇಕು. 10 ನಿಮಿಷದಲ್ಲಿ ಏರಿಸಿದರೆ ಸರಾಸರಿ 690 ಕಿಲೋವ್ಯಾಟ್ ಹೀರುವ ಏರ್ಪಾಡು ಬೇಕು. 1 ಗಂಟೆ ತೆಗೆದುಕೊಂಡರೆ 115. ಗತಿಚಕ್ರ ಸವೆದು ನಿಂತರೆ, ಅಥವಾ ಯಾರಾದರೂ ಆ ಶಕ್ತಿಯನ್ನು ಬೇರೆ ಕೆಲಸಕ್ಕೆ ಕದ್ದು ಬಳಸಿದರೆ, ಒಳಗಿನವರನ್ನು ಹೊರತೆಗೆಯಲಾಗದು. ಅವರು ಒಳಗೆ ಕ್ಷೇಮವಾಗಿಯೇ ಇರುತ್ತಾರೆ, ಆದರೆ ಅನುಪಾತ ಇಳಿಯುವುದಿಲ್ಲ.

ಏರಿಸುವ ವೇಗದ ಬಗ್ಗೆ ಒಂದು ಮಾತು. ಕೋಣೆಯ ತುಂಬ ಅನುಪಾತ ಒಂದೇ ಇದ್ದರೆ ಎಷ್ಟು ಬೇಗ ಏರಿಸಿದರೂ ಒಳಗೆ ಗೊತ್ತಾಗದು. ತೊಂದರೆ ಬರುವುದು ಒಂದು ಮೂಲೆ 60, ಇನ್ನೊಂದು ಮೂಲೆ 58 ಆದಾಗ. ಒತ್ತಡ ವರ್ಗದ ಲೆಕ್ಕದಲ್ಲಿ ಬದಲಾಗುವುದರಿಂದ ಶೇಕಡಾ 3ರ ವ್ಯತ್ಯಾಸ ಶೇಕಡಾ 7 ಒತ್ತಡ ವ್ಯತ್ಯಾಸವಾಗಿ, ಕೋಣೆಯೊಳಗೆ ಬಿರುಗಾಳಿ ಎಬ್ಬಿಸುತ್ತದೆ. ಗಾಯಾಳುವನ್ನು ಮಲಗಿಸುವ ಮೊದಲು ಖಾಲಿ ಕೋಣೆಯಲ್ಲಿ ಎಂಟು ಮೂಲೆಗೂ ನಡುವಿಗೂ ಒಂದೊಂದು ಗಡಿಯಾರ ಇಟ್ಟು, 60:1ರಲ್ಲಿ ಒಳಗಿನ 1 ಗಂಟೆ ಓಡಿಸಿ, ಇಳಿಸಿ, ಹೋಲಿಸಿ ನೋಡಬೇಕು. ಎರಡು ಗಡಿಯಾರಗಳ ನಡುವೆ 0.4 ಸೆಕೆಂಡ್ ಅಂತರ ಅಂದರೆ ಸುಮಾರು 9,000ದಲ್ಲಿ 1 ಪಾಲು ವ್ಯತ್ಯಾಸ. ಒತ್ತಡದ ಅಂತರ 20 ಪ್ಯಾಸ್ಕಲ್‌ನಷ್ಟು, ಸಣ್ಣ ಗಾಳಿ ಬೀಸಿದಂತೆ. ಅದಕ್ಕಿಂತ ಹೆಚ್ಚಿದ್ದರೆ ಸುರುಳಿಗಳನ್ನು ಮತ್ತೆ ಹೊಂದಿಸಿ.

—

ಏಳುಬಣ್ಣ

ತ್ವರಿತ ಕೋಣೆ 60:1 ಉಳಿಯುವುದಿಲ್ಲ. ಪ್ರತಿಯೊಂದು ಲೆಕ್ಕವೂ ತಿರುಗಿ ನಿಮ್ಮ ಮೇಲೆ ಬೀಳುತ್ತದೆ.

ಒಳಗಿನ ಗಾಳಿ ಹೊರಗಿನ ಲೆಕ್ಕಕ್ಕೆ 3600 ವಾತಾವರಣ. ಒಳತೊಟ್ಟಿಯ ಉಕ್ಕೂ ಅಷ್ಟೇ ಪಟ್ಟು ಗಟ್ಟಿಯಾಗಿರುವುದರಿಂದ ತೊಟ್ಟಿ ಹಿಡಿದುಕೊಳ್ಳುತ್ತದೆ. ಆದರೆ ಸಣ್ಣ ಬಿರುಕಿನಿಂದ ಗಾಳಿ ಸೋರಿದರೆ ಹೊರಕವಚದ ಎದುರಿಗೆ ಅದು ಬಾಂಬ್. ಒಳಗೆ ಕೆಲಸ ಮಾಡುವ ಒಬ್ಬರ 100 ವ್ಯಾಟ್ ಮೈಶಾಖ ಹೊರಗೆ 2.16 ಕೋಟಿ ವ್ಯಾಟ್. ಚಾಲೂ ಮಾಡಲು ಒಳಗಿನ ಪ್ರತಿ 1 ಮೆಗಾಜೂಲ್‌ಗೆ 1 ಮೆಗಾವ್ಯಾಟ್‌ಗಂಟೆ ತುಂಬಬೇಕು, ಒಬ್ಬರಿಗೆ 415 ಮೆಗಾವ್ಯಾಟ್‌ಗಂಟೆ. ಮಾಮೂಲಿ ಉಷ್ಣತೆಯ ಒಳತೊಟ್ಟಿ ಹೊರಗಿನವರ ಕಣ್ಣಿಗೆ 18,000 ಕೆಲ್ವಿನ್‌ನಂತೆ ಉರಿಯುತ್ತದೆ. ಒಳಗಿನವರಿಗೋ ಹೊರಕವಚ 5 ಕೆಲ್ವಿನ್‌ನ ಕಪ್ಪು ಗವಿ. ಶಾಖ ಸೋರಿ ನಡುಗುತ್ತಾರೆ.

2:1 ಆದರೆ ಎಲ್ಲವೂ ಕೈಗೆ ಸಿಗುತ್ತದೆ. ಗಾಳಿ 4 ವಾತಾವರಣ. ಒಬ್ಬರ ಮೈಶಾಖ 800 ವ್ಯಾಟ್. ಚಾಲೂ ಮಾಡಲು ಒಬ್ಬರಿಗೆ ಸುಮಾರು 350 ಕಿಲೋವ್ಯಾಟ್‌ಗಂಟೆ. ತೊಟ್ಟಿಯ ಹೊರಮೈ 600 ಕೆಲ್ವಿನ್‌ನಂತೆ ಸೂಸುತ್ತದೆ, ಚದರ ಮೀಟರಿಗೆ ಸುಮಾರು 1,840 ವ್ಯಾಟ್. ಕಾಣುವ ಬೆಳಕಿಲ್ಲ, ಹತ್ತಿರ ಹೋದರೆ ಮೈ ಸುಡುತ್ತದೆ. ಹೊಳಪು ಅಲ್ಯೂಮಿನಿಯಂ ಹಾಳೆ ಹತ್ತು ಪದರ ಸುತ್ತಿದರೆ ಅದರಲ್ಲಿ ಹೆಚ್ಚಿನ ಪಾಲು ಒಳಗೇ ನಿಲ್ಲುತ್ತದೆ. 3:1ಕ್ಕೆ ತೊಟ್ಟಿ ಕತ್ತಲಲ್ಲಿ ಮಂಕು ಕೆಂಪು ಕಾಣತೊಡಗುತ್ತದೆ, 4:1ಕ್ಕೆ ಕಿತ್ತಳೆ. ಕೆಂಪು ಕಂಡರೆ ಇಳಿಸು ಅನ್ನೋದು ಅಲ್ಲಿನ ಕೆಲಸಗಾರರ ಸಹಜ ಸೂತ್ರವಾಗಬಹುದು.

ಒಳಗಿನ 60 ದಿನಕ್ಕೆ ಹೊರಗೆ 30 ದಿನ ಬೇಕು, ನಿಜ. ಕೆಲಸದ ಗಡುವನ್ನು ಅರ್ಧಕ್ಕೆ ಇಳಿಸುವ ಯಂತ್ರ ಯಾವ ಲೋಕಕ್ಕೂ ಸಣ್ಣದಲ್ಲ. ಆಮ್ಲಜನಕ ಒಬ್ಬರಿಗೆ ದಿನಕ್ಕೆ 0.84 ಕಿಲೋ, ಆ 60 ದಿನಕ್ಕೆ 50 ಕಿಲೋ; ಎಲ್ಲವನ್ನೂ ಚಾಲೂ ಮಾಡುವ ಮೊದಲೇ ಒಳಗೆ ಇಡಬೇಕು, ಏಕೆಂದರೆ ನಡುವೆ ಬಾಗಿಲು ತೆರೆಯಲಾಗದು.

—

ಲೋಲಕ

ಏಳುಬಣ್ಣ ಅವರ ಮಾತಿಗೆ ಇನ್ನೊಂದು ಕಾರಣ ಸೇರಿಸುತ್ತೇನೆ. ತ್ವರಿತ ಕೋಣೆಯಲ್ಲಿ ಬೆಳಕು ಹೊರಗಿನ ಲೆಕ್ಕಕ್ಕೆ ತನ್ನ ವೇಗಮಿತಿ ಮೀರಿ ಓಡುತ್ತದೆ. ಮಿತಿ ಮೀರಿದ ಸಂದೇಶ ಸಾಧ್ಯವಾದರೆ, ಸಾಪೇಕ್ಷತೆಯ ಲೆಕ್ಕದಲ್ಲಿ, ಚಲಿಸುವ ಎರಡು ಕೇಂದ್ರಗಳ ನಡುವೆ ಹಿಂದಿನ ಕಾಲಕ್ಕೆ ಸಂದೇಶ ಕಳಿಸುವ ದಾರಿ ತೆರೆದುಕೊಳ್ಳುತ್ತದೆ. ಉದ್ದನೆಯ ತ್ವರಿತ ಕೊಳವೆ ಕಟ್ಟುವುದನ್ನು ನಿಮ್ಮ ಲೋಕದಲ್ಲಿ ಬಿಡಬೇಡಿ, 2.5 ಮೀಟರ್ ಕೋಣೆಯಲ್ಲಿ ಉಳಿಯುವುದು ಕೆಲವೇ ನ್ಯಾನೋಸೆಕೆಂಡ್, ಕಥೆ ಅದನ್ನು ತಡೆದುಕೊಳ್ಳುತ್ತದೆ. ಮಂದಕೋಣೆಗೆ ಈ ತೊಡಕು ಇಲ್ಲ.

ಇನ್ನು ಮಂದಕೋಣೆಯನ್ನು ಆರಿಸುವ ಕ್ರಮ, ಇದನ್ನು ಯಾರೂ ಬರೆದಿಲ್ಲ. ಚಾಲೂ ಮಾಡುವಾಗ ಒಳಬಾಗಿಲು ಮುಚ್ಚಿ, ಹೊರಬಾಗಿಲು ಮುಚ್ಚಿ, ಸಂದಿನ ಗಾಳಿ ಎಳೆದು, ಕವಚ ತಂಪು ಮಾಡಿ, ಕೊನೆಗೆ ಅನುಪಾತ ಏರಿಸುತ್ತೇವೆ. ಆರಿಸುವಾಗ ಇದು ಅಕ್ಷರಶಃ ಹಿಂದುಮುಂದಾಗಬೇಕು: ಮೊದಲು ಗತಿಚಕ್ರದಲ್ಲಿ ಶಕ್ತಿ ಸಾಕಷ್ಟಿದೆಯೇ ನೋಡಿ, ಅನುಪಾತವನ್ನು ಪೂರ್ತಿ 1ಕ್ಕೆ ಇಳಿಸಿ, ಆಮೇಲೆ ಕವಚ ಬೆಚ್ಚಗಾಗಲು ಬಿಡಿ, ಆಮೇಲೆ ಸಂದಿಗೆ ಗಾಳಿ. ಗಾಬರಿಯಲ್ಲಿ ಕವಚವನ್ನು ಮೊದಲು ಬೆಚ್ಚಗೆ ಮಾಡಿದರೆ ಅದರ ಮೇಲೆ ಹೆಪ್ಪುಗಟ್ಟಿದ ಗಾಳಿ ಒಮ್ಮೆಲೇ ಆವಿಯಾಗಿ ಸಂದು ತುಂಬುತ್ತದೆ. ಯಾರೂ ಕವಾಟ ಮುಟ್ಟದಿದ್ದರೂ ಒಳತೊಟ್ಟಿ ಕುಸಿಯುತ್ತದೆ. ಅನುಪಾತ 1.05 ಇರುವಾಗಲೇ ಗಾಳಿ ಬಿಟ್ಟರೆ ತೊಟ್ಟಿಯ ಮೇಲೆ ಬೀಳುವುದು ಶೇಕಡಾ 10ರಷ್ಟು ಹೆಚ್ಚಿನ ಒತ್ತಡ ಮಾತ್ರ, ಅದು ತಡೆಯುತ್ತದೆ. 2 ಇರುವಾಗ ಬಿಟ್ಟರೆ ತಡೆಯುವುದಿಲ್ಲ. ಹಾಗಾಗಿ ಹೀಲಿಯಂ ಕೊಳವೆಯ ತಿರುಗಣೆಗೂ ಗಾಳಿ ಕವಾಟಕ್ಕೂ ಒಂದೇ ಕೊಂಡಿ ಹಾಕಿ, ಆ ಕೊಂಡಿಯನ್ನು ಅನುಪಾತದ ಮುಳ್ಳಿಗೇ ಕಟ್ಟಿ. ಮುಳ್ಳು 1ಕ್ಕೆ ಬಂದು ಕೂರುವವರೆಗೆ ಎರಡೂ ಮಿಸುಕಬಾರದು.